ಅಣುವಿದ್ಯುತ್ ಕೇಂದ್ರದ ನಿರ್ಮಾಣ: ಸಾಕ್ಷ್ಯಚಿತ್ರದಲ್ಲಿ ಕಾಣುವುದು, ದಾಖಲೆಯಲ್ಲಿ ಉಳಿಯುವುದು

(ಕೈಗಾ ಕೇಂದ್ರದ ಕುರಿತು ದಾವಣಗೆರೆ ಮತ್ತು ಹರಿಹರದ ಸಾರ್ವಜನಿಕರ ಮಾಹಿತಿಗಾಗಿ)

1. ಪೀಠಿಕೆ

ದಾವಣಗೆರೆ ನಗರ, ಅದಕ್ಕೆ ಸೇರಿದ ಆವರಗೆರೆ ಹಾಗೂ ಹರಿಹರ ಪಟ್ಟಣದ ಮನೆಗಳು, ಅಕ್ಕಿ ಗಿರಣಿಗಳು, ಕಾರ್ಖಾನೆಗಳು ಮತ್ತು ನೀರಾವರಿ ಪಂಪ್‌ಸೆಟ್‌ಗಳು ಬಳಸುವ ವಿದ್ಯುತ್ತು ಒಂದೇ ಮೂಲದಿಂದ ಬರುವುದಿಲ್ಲ. ಜಲವಿದ್ಯುತ್, ಕಲ್ಲಿದ್ದಲು, ಗಾಳಿ, ಸೌರಶಕ್ತಿ ಹಾಗೂ ಅಣುಶಕ್ತಿ ಮೂಲಗಳಿಂದ ಉತ್ಪಾದನೆಯಾದ ವಿದ್ಯುತ್ತು ಒಂದೇ ಜಾಲದಲ್ಲಿ ಬೆರೆತು ಹರಿಯುತ್ತದೆ. ಈ ಜಾಲದ ಮುಖ್ಯ ಕೊಂಡಿಗಳಲ್ಲಿ ಒಂದು ಹರಿಹರ ತಾಲ್ಲೂಕಿನ ಗುತ್ತೂರಿನಲ್ಲಿರುವ 400 ಕಿಲೋವೋಲ್ಟ್ ಸ್ವೀಕರಣಾ ಕೇಂದ್ರವಾಗಿರುತ್ತದೆ. ಉತ್ತರ ಕನ್ನಡ ಜಿಲ್ಲೆಯ ಕೈಗಾ ಅಣುವಿದ್ಯುತ್ ಕೇಂದ್ರದಿಂದ ಹೊರಟು ಪಶ್ಚಿಮ ಘಟ್ಟವನ್ನು ಹತ್ತಿ ಬರುವ ಉನ್ನತ ವೋಲ್ಟೇಜ್ ಮಾರ್ಗವು ಗುತ್ತೂರಿಗೆ ಜೋಡಣೆ ಹೊಂದಿದೆ.

ಕೈಗಾ ಕೇಂದ್ರವನ್ನು ಹೇಗೆ ಕಟ್ಟಲಾಯಿತು, ಕಟ್ಟುವಾಗ ಏನು ಸಂಭವಿಸಿತು, ಅದರಿಂದ ಯಾವ ಬದಲಾವಣೆಗಳಾದವು ಮತ್ತು ಈ ಬಗ್ಗೆ ನಾಗರಿಕರು ಯಾವ ಮಾಹಿತಿಯನ್ನು ಯಾವ ಕಚೇರಿಯಿಂದ ಪಡೆಯಬಹುದು ಎಂಬುದನ್ನು ಈ ಪುಟದಲ್ಲಿ ವಿವರಿಸಲಾಗಿದೆ.

2. ನಿರ್ಮಾಣದ ಸಾಕ್ಷ್ಯಚಿತ್ರಗಳು

ಸ್ವಾತಂತ್ರ್ಯಾನಂತರದ ದಶಕಗಳಲ್ಲಿ ಅಣೆಕಟ್ಟು, ಉಕ್ಕಿನ ಕಾರ್ಖಾನೆ, ಅಣುಸ್ಥಾವರ ಮುಂತಾದ ಬೃಹತ್ ಕಾಮಗಾರಿಗಳ ಬಗ್ಗೆ ಸಾಮಾನ್ಯ ಜನರಿಗೆ ದೊರೆಯುತ್ತಿದ್ದ ತಿಳಿವಳಿಕೆಯ ಒಂದು ಮುಖ್ಯ ದಾರಿ ಸಾಕ್ಷ್ಯಚಿತ್ರವಾಗಿತ್ತು. 1948ರಲ್ಲಿ ಸ್ಥಾಪಿತವಾದ ಕೇಂದ್ರ ಸರ್ಕಾರದ ಫಿಲ್ಮ್ಸ್ ಡಿವಿಷನ್ ತಯಾರಿಸುತ್ತಿದ್ದ ಸಮಾಚಾರ ಚಿತ್ರಗಳು ಹಾಗೂ ಸಾಕ್ಷ್ಯಚಿತ್ರಗಳನ್ನು ಚಿತ್ರಮಂದಿರಗಳಲ್ಲಿ ಮುಖ್ಯ ಚಿತ್ರಕ್ಕೆ ಮೊದಲು ತೋರಿಸುವ ಪದ್ಧತಿ ದೇಶದಾದ್ಯಂತ ಜಾರಿಯಲ್ಲಿತ್ತು. ಸದರಿ ಸಂಸ್ಥೆಯನ್ನು 2022ರಲ್ಲಿ ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮದೊಂದಿಗೆ ವಿಲೀನಗೊಳಿಸಲಾಗಿದೆ.

ಅಣುವಿದ್ಯುತ್ ಕೇಂದ್ರದ ನಿರ್ಮಾಣವನ್ನು ಕುರಿತ ಸಾಕ್ಷ್ಯಚಿತ್ರದಲ್ಲಿ, ಅದು ಯಾವ ದೇಶದ್ದೇ ಆಗಿರಲಿ, ಸಾಮಾನ್ಯವಾಗಿ ಈ ಕೆಳಕಂಡ ಹಂತಗಳು ಕಾಣಸಿಗುತ್ತವೆ.

• ಸ್ಥಳದ ಆಯ್ಕೆ, ಬಂಡೆಯ ಅಗೆತ ಹಾಗೂ ತಳಪಾಯದ ಮೊದಲ ಕಾಂಕ್ರೀಟ್ ಹಾಕುವಿಕೆ
• ರಿಯಾಕ್ಟರ್ ಕಟ್ಟಡದ ಗೋಡೆ ಏಳುವುದು ಮತ್ತು ಗುಮ್ಮಟ ಮುಚ್ಚುವುದು
• ರಿಯಾಕ್ಟರ್ ಪಾತ್ರೆ, ಬಾಷ್ಪ ಉತ್ಪಾದಕ ಮುಂತಾದ ಭಾರಿ ಸಲಕರಣೆಗಳ ಅಳವಡಿಕೆ
• ಇಂಧನ ತುಂಬುವುದು
• ಸರಣಿ ಕ್ರಿಯೆ ಮೊದಲ ಬಾರಿಗೆ ತಾನಾಗಿ ಮುಂದುವರಿಯುವ ಕ್ಷಣ. ಇದನ್ನು ಕ್ರಾಂತಿಕ ಸ್ಥಿತಿ ಎನ್ನಲಾಗುತ್ತದೆ
• ವಿದ್ಯುತ್ ಜಾಲಕ್ಕೆ ಜೋಡಣೆ ಹಾಗೂ ಲೋಕಾರ್ಪಣೆ

ಇಂತಹ ಚಿತ್ರದಿಂದ ಕಾಮಗಾರಿಯ ಗಾತ್ರವೂ ಕಾರ್ಮಿಕರ ಶ್ರಮವೂ ಮನದಟ್ಟಾಗುತ್ತವೆ. ಆದರೆ ಕಾಂಕ್ರೀಟ್‌ನ ಒಳಗೆ ಏನಿದೆ, ವಿನ್ಯಾಸದ ಲೆಕ್ಕ ಸರಿಯಿದೆಯೇ, ಅದನ್ನು ಯಾರು ಪರಿಶೀಲಿಸಿದರು ಎಂಬುದು ಕ್ಯಾಮೆರಾಕ್ಕೆ ಕಾಣುವುದಿಲ್ಲ. ಅದು ಉಳಿಯುವುದು ನಕ್ಷೆ, ಪರೀಕ್ಷಾ ವರದಿ ಹಾಗೂ ತನಿಖಾ ವರದಿಗಳಲ್ಲಿ. ಈ ವ್ಯತ್ಯಾಸ ಎಷ್ಟು ಮುಖ್ಯ ಎಂಬುದಕ್ಕೆ ಕೈಗಾ ಕೇಂದ್ರದ ನಿರ್ಮಾಣವೇ ಉದಾಹರಣೆಯಾಗಿದೆ.

3. ದೇಶದ ಆರಂಭಿಕ ಕೇಂದ್ರಗಳು

ಭಾರತದ ಮೊದಲ ಅಣುವಿದ್ಯುತ್ ಕೇಂದ್ರ ಮಹಾರಾಷ್ಟ್ರದ ತಾರಾಪುರದಲ್ಲಿದೆ. ಅಮೆರಿಕದ ಜನರಲ್ ಎಲೆಕ್ಟ್ರಿಕ್ ಸಂಸ್ಥೆಯ ಕುದಿನೀರಿನ ರಿಯಾಕ್ಟರ್‌ಗಳನ್ನು ಹೊಂದಿದ ಈ ಕೇಂದ್ರವು 1969ರಲ್ಲಿ ವಾಣಿಜ್ಯ ಉತ್ಪಾದನೆ ಆರಂಭಿಸಿತು. ಎರಡನೆಯದಾದ ರಾಜಸ್ಥಾನ ಕೇಂದ್ರಕ್ಕೆ ಕೆನಡಾದ ನೆರವು ದೊರೆತು, ಅದರ ಮೊದಲ ಘಟಕವು 1973ರಲ್ಲಿ ಉತ್ಪಾದನೆಗೆ ಬಂದಿತು. 1974ರ ಪೋಖ್ರಾನ್ ಪರೀಕ್ಷೆಯ ನಂತರ ಕೆನಡಾ ತನ್ನ ಸಹಕಾರವನ್ನು ಹಿಂತೆಗೆದುಕೊಂಡಿದ್ದರಿಂದ ಎರಡನೇ ಘಟಕವನ್ನು ಭಾರತೀಯ ಎಂಜಿನಿಯರುಗಳೇ ಪೂರ್ಣಗೊಳಿಸಬೇಕಾಯಿತು. ತಮಿಳುನಾಡಿನ ಕಲ್ಪಾಕ್ಕಂನಲ್ಲಿ 1980ರ ದಶಕದಲ್ಲಿ ಕಾರ್ಯಾರಂಭ ಮಾಡಿದ ಎರಡು ಘಟಕಗಳನ್ನು ದೇಶೀಯವಾಗಿಯೇ ನಿರ್ಮಿಸಲಾಯಿತು.

ಈ ಅನುಭವದ ಮುಂದುವರಿಕೆಯಾಗಿ ಉತ್ತರ ಪ್ರದೇಶದ ನರೋರಾ, ಗುಜರಾತಿನ ಕಾಕ್ರಾಪಾರ ಮತ್ತು ಕರ್ನಾಟಕದ ಕೈಗಾ ಕೇಂದ್ರಗಳು ಬಂದವು. ಸುರಕ್ಷತೆಯ ಮೇಲ್ವಿಚಾರಣೆಗಾಗಿ 1983ರಲ್ಲಿ ಅಣುಶಕ್ತಿ ನಿಯಂತ್ರಣ ಮಂಡಳಿಯನ್ನೂ, ಕೇಂದ್ರಗಳ ನಿರ್ಮಾಣ ಹಾಗೂ ನಿರ್ವಹಣೆಗಾಗಿ 1987ರಲ್ಲಿ ಭಾರತೀಯ ಪರಮಾಣು ವಿದ್ಯುತ್ ನಿಗಮವನ್ನೂ ಸ್ಥಾಪಿಸಲಾಯಿತು.

4. ಕೈಗಾ: ಸ್ಥಳ ಮತ್ತು ವಿರೋಧ

ಕೈಗಾ ಗ್ರಾಮವು ಕಾರವಾರ ತಾಲ್ಲೂಕಿನಲ್ಲಿ, ಕಾಳಿ ನದಿಯ ದಡದಲ್ಲಿ, ಪಶ್ಚಿಮ ಘಟ್ಟದ ದಟ್ಟ ಕಾಡಿನ ನಡುವೆ ಇದೆ. ಕರ್ನಾಟಕ ವಿದ್ಯುತ್ ನಿಗಮವು ಕಟ್ಟಿದ ಕದ್ರಾ ಜಲಾಶಯದ ನೀರನ್ನು ಕೇಂದ್ರದ ಶೀತಲೀಕರಣಕ್ಕೆ ಬಳಸಲಾಗುತ್ತದೆ. ಸಿಬ್ಬಂದಿಯ ವಸತಿ ನಗರವು ಮಲ್ಲಾಪುರದಲ್ಲಿದೆ.

ಸ್ಥಳದ ಆಯ್ಕೆಯು ಆರಂಭದಿಂದಲೂ ವಿವಾದಕ್ಕೆ ಒಳಗಾಗಿತ್ತು. ಮಳೆಕಾಡಿನ ನಾಶ, ನದಿ ನೀರಿನ ಬಿಸಿಯೇರಿಕೆ, ಮೇಲ್ಭಾಗದಲ್ಲಿ ಅಣೆಕಟ್ಟುಗಳ ಇರುವಿಕೆ ಮತ್ತು ಅಪಘಾತದ ಸಂಭವ ಇವು ವಿರೋಧದ ಮುಖ್ಯ ಕಾರಣಗಳಾಗಿದ್ದವು. 1986ರ ಏಪ್ರಿಲ್‌ನಲ್ಲಿ ಸೋವಿಯತ್ ಒಕ್ಕೂಟದ ಚೆರ್ನೋಬಿಲ್‌ನಲ್ಲಿ ನಡೆದ ದುರಂತವು ಈ ಆತಂಕವನ್ನು ಹೆಚ್ಚಿಸಿತು. ಜ್ಞಾನಪೀಠ ಪ್ರಶಸ್ತಿ ಪುರಸ್ಕೃತ ಸಾಹಿತಿ ಡಾ. ಶಿವರಾಮ ಕಾರಂತರು ಚಳವಳಿಯ ಮುಂಚೂಣಿಯಲ್ಲಿದ್ದರು. ಅವರು ಯೋಜನೆಯನ್ನು ಪ್ರಶ್ನಿಸಿ ಸರ್ವೋಚ್ಚ ನ್ಯಾಯಾಲಯದ ಮೊರೆ ಹೋದುದಲ್ಲದೆ, 1989ರ ಲೋಕಸಭಾ ಚುನಾವಣೆಯಲ್ಲಿ ತಮ್ಮ 87ನೇ ವಯಸ್ಸಿನಲ್ಲಿ ಇದೇ ವಿಷಯವನ್ನು ಮುಂದಿಟ್ಟು ಉತ್ತರ ಕನ್ನಡದಿಂದ ಸ್ಪರ್ಧಿಸಿದರು. ಚುನಾವಣೆಯಲ್ಲಿ ಅವರಿಗೆ ಗೆಲುವು ದೊರೆಯಲಿಲ್ಲ. ಅದೇ ವರ್ಷ ಮೊದಲ ಎರಡು ಘಟಕಗಳ ಕಾಂಕ್ರೀಟ್ ಕಾಮಗಾರಿ ಆರಂಭವಾಯಿತು.

ಯೋಜನೆಯ ಪರ ನಿಂತವರ ವಾದವೂ ಗಮನಾರ್ಹವಾಗಿತ್ತು. ಕರ್ನಾಟಕವು ಆಗ ಬಹುಮಟ್ಟಿಗೆ ಜಲವಿದ್ಯುತ್ತನ್ನೇ ಅವಲಂಬಿಸಿದ್ದು, ಮಳೆ ಕೈಕೊಟ್ಟ ವರ್ಷಗಳಲ್ಲಿ ವಿದ್ಯುತ್ ಕಡಿತ ಅನಿವಾರ್ಯವಾಗುತ್ತಿತ್ತು. ಕಲ್ಲಿದ್ದಲು ಗಣಿಗಳು ರಾಜ್ಯದಲ್ಲಿ ಇಲ್ಲ. ಮಳೆಯನ್ನು ಅವಲಂಬಿಸದೆ ಹಗಲಿರುಳು ಏಕರೀತಿಯಾಗಿ ವಿದ್ಯುತ್ ಒದಗಿಸುವ ಮೂಲವೊಂದು ಬೇಕೆಂಬುದು ಅವರ ನಿಲುವಾಗಿತ್ತು.

5. ಕೇಂದ್ರವು ಕೆಲಸ ಮಾಡುವ ವಿಧಾನ

ಕೈಗಾದಲ್ಲಿರುವುದು ಒತ್ತಡದ ಭಾರಜಲ ರಿಯಾಕ್ಟರ್‌ಗಳು. ಪ್ರಕೃತಿಯಲ್ಲಿ ದೊರೆಯುವ ಯುರೇನಿಯಂನಲ್ಲಿ ಸುಲಭವಾಗಿ ವಿದಳನ ಹೊಂದುವ ಯುರೇನಿಯಂ-235ರ ಅಂಶ ಶೇಕಡಾ 0.7ರಷ್ಟು ಮಾತ್ರ. ಇಷ್ಟು ಕಡಿಮೆ ಅಂಶದಿಂದಲೇ ಸರಣಿ ಕ್ರಿಯೆ ನಡೆಯಬೇಕಾದರೆ ನ್ಯೂಟ್ರಾನ್‌ಗಳ ವೇಗವನ್ನು ತಗ್ಗಿಸುವ, ಆದರೆ ಅವುಗಳನ್ನು ಹೀರದ ವಸ್ತು ಬೇಕು. ಭಾರಜಲ ಈ ಕೆಲಸವನ್ನು ಮಾಡುತ್ತದೆ. ಹೀಗಾಗಿ ಯುರೇನಿಯಂ ಅನ್ನು ಸಂವರ್ಧನೆ ಮಾಡುವ ಅಗತ್ಯ ಬೀಳುವುದಿಲ್ಲ.

220 ಮೆಗಾವ್ಯಾಟ್ ಘಟಕದ ರಿಯಾಕ್ಟರ್ ಪಾತ್ರೆಯಲ್ಲಿ 306 ಅಡ್ಡ ಕೊಳವೆಗಳಿದ್ದು, ಪ್ರತಿಯೊಂದರಲ್ಲೂ ಇಂಧನದ ಕಂತೆಗಳನ್ನು ಸಾಲಾಗಿ ಇರಿಸಲಾಗುತ್ತದೆ. ವಿದಳನದಿಂದ ಹುಟ್ಟುವ ಶಾಖವನ್ನು ಒತ್ತಡದಲ್ಲಿರುವ ಭಾರಜಲವು ಹೊತ್ತು ಬಾಷ್ಪ ಉತ್ಪಾದಕಕ್ಕೆ ತಲುಪಿಸುತ್ತದೆ. ಅಲ್ಲಿ ಸಾಮಾನ್ಯ ನೀರು ಹಬೆಯಾಗಿ ಟರ್ಬೈನ್ ತಿರುಗಿಸುತ್ತದೆ. ಹಬೆಯಾದ ನಂತರದ ಕೆಲಸ ಕಲ್ಲಿದ್ದಲಿನ ಸ್ಥಾವರದಲ್ಲಿ ನಡೆಯುವಂತೆಯೇ ಇರುತ್ತದೆ. ಘಟಕವನ್ನು ನಿಲ್ಲಿಸದೆ, ಅದು ನಡೆಯುತ್ತಿರುವಾಗಲೇ ಹಳೆಯ ಇಂಧನ ತೆಗೆದು ಹೊಸದನ್ನು ತುಂಬಬಹುದಾಗಿರುವುದು ಈ ಮಾದರಿಯ ವಿಶೇಷ.

ವಿಕಿರಣ ಹೊರಬಾರದಂತೆ ತಡೆಯಲು ಹಲವು ಆವರಣಗಳಿವೆ. ಇಂಧನದ ಗುಳಿಗೆ, ಅದನ್ನು ಮುಚ್ಚಿದ ಲೋಹದ ಹೊದಿಕೆ ಹಾಗೂ ಕೊಳವೆ ವ್ಯವಸ್ಥೆಯ ನಂತರ ಕಡೆಯದಾಗಿ ಇರುವುದು ರಿಯಾಕ್ಟರ್ ಕಟ್ಟಡ. ಇದು ಜೋಡಿ ಗೋಡೆ ಹಾಗೂ ಜೋಡಿ ಗುಮ್ಮಟಗಳನ್ನು ಹೊಂದಿರುತ್ತದೆ. ಒಳ ಆವರಣವನ್ನು ಪೂರ್ವಪ್ರತಿಬಲಿತ ಕಾಂಕ್ರೀಟ್‌ನಿಂದ ಕಟ್ಟಲಾಗುತ್ತದೆ. ಅಂದರೆ ಕಾಂಕ್ರೀಟ್ ಒಳಗೆ ನಾಳಗಳನ್ನು ಬಿಟ್ಟು, ಅವುಗಳಲ್ಲಿ ಉಕ್ಕಿನ ಕೇಬಲ್ ಹಾಯಿಸಿ, ಭಾರಿ ಬಲದಿಂದ ಬಿಗಿದು ಇಡೀ ರಚನೆಯನ್ನು ಅದುಮಿ ಹಿಡಿಯಲಾಗುತ್ತದೆ. ಒಳಗಿನಿಂದ ಒತ್ತಡ ಬಂದರೂ ಬಿರುಕು ಬಿಡದಿರಲು ಈ ಏರ್ಪಾಡು.

6. 1994ರ ಮೇ 13ರ ಘಟನೆ

ಕೈಗಾ 1ನೇ ಘಟಕದ ಒಳ ಗುಮ್ಮಟದ ಕಾಂಕ್ರೀಟ್ ಕೆಲಸ ಮುಗಿದು, ಕೇಬಲ್‌ಗಳನ್ನು ಬಿಗಿಯುವ ಕಾರ್ಯ ನಡೆದಿತ್ತು. 1994ರ ಮೇ 13ರಂದು ಗುಮ್ಮಟದ ತಳಭಾಗದ ಕಾಂಕ್ರೀಟ್ ಪದರವು ಬೇರ್ಪಟ್ಟು ಕೆಳಗೆ ಕುಸಿಯಿತು. ಹೀಗೆ ಬಿದ್ದ ಕಾಂಕ್ರೀಟ್‌ನ ತೂಕ ಸುಮಾರು 130 ಟನ್. ಕೆಲಸದಲ್ಲಿದ್ದ ಕಾರ್ಮಿಕರು ಗಾಯಗೊಂಡರು. ಘಟಕಕ್ಕೆ ಆಗ ಇನ್ನೂ ಇಂಧನ ತುಂಬಿರಲಿಲ್ಲವಾದ್ದರಿಂದ ವಿಕಿರಣದ ಪ್ರಶ್ನೆ ಉದ್ಭವಿಸಲಿಲ್ಲ.

ಹೊರನೋಟಕ್ಕೆ ಪೂರ್ಣಗೊಂಡಂತೆ ಕಾಣುತ್ತಿದ್ದ ಗುಮ್ಮಟವು ಬೇರ್ಪಟ್ಟಿದ್ದಕ್ಕೆ ಕಾರಣವನ್ನು ಸರಳವಾಗಿ ಹೀಗೆ ವಿವರಿಸಬಹುದು. ಬಾಗಿದ ರಚನೆಯೊಳಗೆ ಬಿಗಿದ ಕೇಬಲ್ ನೇರವಾಗಲು ಯತ್ನಿಸುತ್ತದೆ. ಇದರಿಂದ ಗುಮ್ಮಟದ ಮೇಲ್ಮೈಗೆ ಸಮಾನಾಂತರವಾಗಿ ಅದುಮುವ ಬಲ ಮಾತ್ರವಲ್ಲದೆ, ಅದರ ದಪ್ಪದ ದಿಕ್ಕಿನಲ್ಲಿ ಪದರಗಳನ್ನು ಒಂದರಿಂದ ಒಂದನ್ನು ಬಿಡಿಸುವ ಎಳೆತವೂ ಹುಟ್ಟುತ್ತದೆ. ಕೇಬಲ್ ನಾಳಗಳು ಒತ್ತೊತ್ತಾಗಿರುವ ತಲದಲ್ಲಿ ಗಟ್ಟಿ ಕಾಂಕ್ರೀಟ್‌ನ ಪ್ರಮಾಣವೇ ಕಡಿಮೆ. ಎರಡೂ ಪದರಗಳನ್ನು ಅಡ್ಡಲಾಗಿ ಹೊಲಿದಂತೆ ಹಿಡಿಯುವ ಉಕ್ಕಿನ ಸರಳುಗಳು ಸಾಕಷ್ಟಿಲ್ಲದಿದ್ದರೆ ಆ ತಲದಲ್ಲಿಯೇ ರಚನೆ ಬಿಚ್ಚಿಕೊಳ್ಳುತ್ತದೆ. ರೊಟ್ಟಿ ಉಬ್ಬಿದಾಗ ಅದರ ಎರಡು ಪದರಗಳು ಬೇರೆಯಾಗುವುದನ್ನು ಇಲ್ಲಿ ನೆನೆಯಬಹುದು.

ಘಟನೆಯ ನಂತರ ಕಾಮಗಾರಿಯನ್ನು ನಿಲ್ಲಿಸಿ ತನಿಖೆ ನಡೆಸಲಾಯಿತು. ಗುಮ್ಮಟದ ವಿನ್ಯಾಸವನ್ನು ಪರಿಷ್ಕರಿಸಿ, ದಪ್ಪದ ದಿಕ್ಕಿನಲ್ಲಿ ಉಕ್ಕಿನ ಸರಳುಗಳನ್ನು ಸೇರಿಸಲಾಯಿತು. ಸಿಲಿಕಾ ಫ್ಯೂಮ್ ಎಂಬ ಅತಿಸೂಕ್ಷ್ಮ ಪುಡಿಯನ್ನು ಬೆರೆಸಿದ ಎಂ-60 ದರ್ಜೆಯ ಅಧಿಕ ಸಾಮರ್ಥ್ಯದ ಕಾಂಕ್ರೀಟ್‌ನಿಂದ ಗುಮ್ಮಟವನ್ನು ಮತ್ತೆ ಕಟ್ಟಲಾಯಿತು. ಅದೇ ಕಾಲದಲ್ಲಿ ನಿರ್ಮಾಣದಲ್ಲಿದ್ದ ರಾಜಸ್ಥಾನದ 3 ಮತ್ತು 4ನೇ ಘಟಕಗಳ ಗುಮ್ಮಟಗಳ ವಿನ್ಯಾಸವನ್ನೂ ಮರುಪರಿಶೀಲಿಸಲಾಯಿತು.

ಈ ಘಟನೆಯಿಂದ ಎರಡು ಅಂಶಗಳು ಸ್ಪಷ್ಟವಾಗುತ್ತವೆ. ಮೊದಲನೆಯದಾಗಿ, ಕೊನೆಯ ರಕ್ಷಣಾ ಆವರಣವೆಂದು ಹೇಳಲಾಗುವ ರಚನೆಯಲ್ಲಿಯೇ ಇಂತಹ ದೋಷ ಉಳಿದಿದ್ದು, ಅದು ಕೇಂದ್ರ ಆರಂಭವಾಗುವ ಮೊದಲೇ ಪ್ರಕಟವಾದುದು ಅದೃಷ್ಟವೆನ್ನಬೇಕು. ಎರಡನೆಯದಾಗಿ, ಕಾರಣವನ್ನು ಗುರುತಿಸಿ ದಾಖಲಿಸಿದ್ದರಿಂದಲೇ ಮುಂದಿನ ಗುಮ್ಮಟಗಳನ್ನು ಬೇರೆ ರೀತಿಯಲ್ಲಿ ಕಟ್ಟಲು ಸಾಧ್ಯವಾಯಿತು. ಬಿದ್ದ ಗುಮ್ಮಟದ ಚಿತ್ರವು ನೋಡುಗರನ್ನು ಬೆಚ್ಚಿಬೀಳಿಸಬಹುದು. ಅದು ಏಕೆ ಬಿತ್ತೆಂಬ ವರದಿಯೇ ಮುಂದಿನ ಕಟ್ಟಡವನ್ನು ಕಾಯುತ್ತದೆ.

7. ಕಾರ್ಯಾರಂಭ ಮತ್ತು ನಂತರದ ವರ್ಷಗಳು

ಕೈಗಾದ 2ನೇ ಘಟಕವು 1ನೇ ಘಟಕಕ್ಕಿಂತ ಮೊದಲೇ, 1999ರ ಸೆಪ್ಟೆಂಬರ್‌ನಲ್ಲಿ ಕ್ರಾಂತಿಕ ಸ್ಥಿತಿ ತಲುಪಿ 2000ದ ಮಾರ್ಚ್‌ನಲ್ಲಿ ವಾಣಿಜ್ಯ ಉತ್ಪಾದನೆ ಆರಂಭಿಸಿತು. 1ನೇ ಘಟಕವು 2000ದ ನವೆಂಬರ್‌ನಲ್ಲಿ ವಾಣಿಜ್ಯ ಉತ್ಪಾದನೆಗೆ ಬಂದಿತು. 3ನೇ ಘಟಕವು 2007ರಲ್ಲಿ, 4ನೇ ಘಟಕವು 2011ರ ಜನವರಿಯಲ್ಲಿ ಸೇರ್ಪಡೆಯಾದವು. ನಾಲ್ಕೂ ಘಟಕಗಳ ಒಟ್ಟು ಸಾಮರ್ಥ್ಯ 880 ಮೆಗಾವ್ಯಾಟ್ ಆಗಿರುತ್ತದೆ.

ಗುಮ್ಮಟ ಕುಸಿದಿದ್ದ 1ನೇ ಘಟಕವೇ 2016ರ ಮೇ 13ರಿಂದ 2018ರ ಡಿಸೆಂಬರ್ 31ರವರೆಗೆ 962 ದಿನ ಒಂದೇ ಸಮನೆ ನಡೆದು ಆ ಕಾಲಕ್ಕೆ ವಿಶ್ವದಾಖಲೆ ಸ್ಥಾಪಿಸಿತು. ನಡೆಯುತ್ತಿರುವಾಗಲೇ ಇಂಧನ ಬದಲಿಸುವ ಸೌಲಭ್ಯ ಇದಕ್ಕೆ ನೆರವಾಯಿತು. ಈ ದಾಖಲೆಯನ್ನು 2020ರಲ್ಲಿ ಕೆನಡಾದ ಡಾರ್ಲಿಂಗ್‌ಟನ್ ಕೇಂದ್ರದ ಘಟಕವೊಂದು ಮೀರಿತು.

ಲೋಪದ ಪ್ರಕರಣವೂ ದಾಖಲಾಗಿದೆ. 2009ರ ನವೆಂಬರ್‌ನಲ್ಲಿ ಕೇಂದ್ರದ ಒಳಗಿನ ಕುಡಿಯುವ ನೀರಿನ ಕೂಲರ್ ಒಂದಕ್ಕೆ ಟ್ರಿಟಿಯಂ ಇರುವ ಭಾರಜಲ ಸೇರಿರುವುದು ಪತ್ತೆಯಾಯಿತು. ಅದನ್ನು ಕುಡಿದ 50ಕ್ಕೂ ಹೆಚ್ಚು ಕೆಲಸಗಾರರು ವೈದ್ಯಕೀಯ ನಿಗಾಕ್ಕೆ ಒಳಗಾದರು. ಕೆಲಸಗಾರರ ಮೂತ್ರ ಪರೀಕ್ಷೆಯನ್ನು ನಿಯತವಾಗಿ ನಡೆಸುವ ಪದ್ಧತಿಯಿಂದ ಇದು ಬೆಳಕಿಗೆ ಬಂದಿತು.

2017ರ ಮೇ ತಿಂಗಳಲ್ಲಿ ಕೇಂದ್ರ ಸಚಿವ ಸಂಪುಟವು ಅನುಮೋದಿಸಿದ ತಲಾ 700 ಮೆಗಾವ್ಯಾಟ್‌ನ 10 ರಿಯಾಕ್ಟರ್‌ಗಳಲ್ಲಿ ಕೈಗಾದ 5 ಮತ್ತು 6ನೇ ಘಟಕಗಳೂ ಸೇರಿವೆ. ಇವುಗಳ ಪರಿಸರ ಸಂಬಂಧಿ ಸಾರ್ವಜನಿಕ ಅಹವಾಲು ಸಭೆಯನ್ನು 2018ರ ಡಿಸೆಂಬರ್‌ನಲ್ಲಿ ನಡೆಸಲಾಯಿತು. ಸಭೆಯಲ್ಲಿ ಸ್ಥಳೀಯರು ತಮ್ಮ ಆಕ್ಷೇಪಣೆಗಳನ್ನು ಮಂಡಿಸಿದರು.

8. ಕೈಗಾದಿಂದ ಗುತ್ತೂರಿಗೆ

ಕೈಗಾದಲ್ಲಿ ಉತ್ಪಾದನೆಯಾದ ವಿದ್ಯುತ್ತಿನ ವೋಲ್ಟೇಜನ್ನು 400 ಕಿಲೋವೋಲ್ಟ್‌ಗೆ ಏರಿಸಿ ಸಾಗಿಸಲಾಗುತ್ತದೆ. ವೋಲ್ಟೇಜ್ ಹೆಚ್ಚಿದಷ್ಟೂ ಅಷ್ಟೇ ವಿದ್ಯುತ್ತನ್ನು ಸಾಗಿಸಲು ಬೇಕಾದ ಪ್ರವಾಹ ಕಡಿಮೆಯಾಗಿ, ತಂತಿಯಲ್ಲಿ ಶಾಖವಾಗಿ ಪೋಲಾಗುವುದು ತಗ್ಗುತ್ತದೆ. ಗುತ್ತೂರಿನಲ್ಲಿ ಇದನ್ನು 220 ಕಿಲೋವೋಲ್ಟ್‌ಗೆ ಇಳಿಸಲಾಗುತ್ತದೆ. ಅಲ್ಲಿಂದ ಹಂತಹಂತವಾಗಿ ಇಳಿದು, ಕಡೆಗೆ ಬೀದಿಯ ಪರಿವರ್ತಕದಿಂದ ಮನೆಗೆ 230 ವೋಲ್ಟ್ ತಲುಪುತ್ತದೆ. ಗುತ್ತೂರಿನಿಂದ ಹಿರಿಯೂರು ಮತ್ತು ನೆಲಮಂಗಲದ ಕಡೆಗೂ ಉನ್ನತ ವೋಲ್ಟೇಜ್ ಮಾರ್ಗ ಮುಂದುವರಿಯುತ್ತದೆ.

ಗುತ್ತೂರು ಕೈಗಾಕ್ಕೆ ಜೋಡಣೆಯಾಗಿದ್ದ ಮಾತ್ರಕ್ಕೆ ದಾವಣಗೆರೆ ಹಾಗೂ ಹರಿಹರದ ದೀಪಗಳೆಲ್ಲ ಅಣುವಿದ್ಯುತ್ತಿನಿಂದಲೇ ಉರಿಯುತ್ತವೆ ಎಂದು ಭಾವಿಸತಕ್ಕದ್ದಲ್ಲ. ಜಾಲಕ್ಕೆ ಸೇರಿದ ವಿದ್ಯುತ್ತನ್ನು ಮೂಲವಾರು ಬೇರ್ಪಡಿಸಲಾಗದು. ಕೈಗಾದ ಉತ್ಪಾದನೆಯಲ್ಲಿ ಕರ್ನಾಟಕದೊಂದಿಗೆ ದಕ್ಷಿಣದ ಇತರ ರಾಜ್ಯಗಳಿಗೂ ಪಾಲಿರುತ್ತದೆ. ಅದೇ ರೀತಿ ಬಡಾವಣೆಯಲ್ಲಿ ವಿದ್ಯುತ್ ನಿಂತರೆ ಅದರ ಕಾರಣ ಕೈಗಾದಲ್ಲಿರುವುದು ಅಪರೂಪ. ಬಹುಪಾಲು ಸ್ಥಳೀಯ ಮಾರ್ಗ ಅಥವಾ ಪರಿವರ್ತಕದಲ್ಲಿರುತ್ತದೆ.

9. ಯಾವ ವಿಷಯಕ್ಕೆ ಯಾವ ಕಚೇರಿ

ಅರ್ಜಿಯು ಸಂಬಂಧಪಡದ ಕಚೇರಿಗೆ ಸಲ್ಲಿಕೆಯಾದಲ್ಲಿ ವಿಳಂಬವಾಗುವುದರಿಂದ ಈ ಕೆಳಕಂಡ ವಿಂಗಡಣೆಯನ್ನು ಗಮನಿಸತಕ್ಕದ್ದು.

• ಹೊಸ ಸಂಪರ್ಕ, ಮೀಟರ್, ಬಿಲ್ಲು, ಬಡಾವಣೆಯ ವಿದ್ಯುತ್ ನಿಲುಗಡೆ: ಬೆಂಗಳೂರು ವಿದ್ಯುತ್ ಸರಬರಾಜು ಕಂಪನಿಯ (ಬೆಸ್ಕಾಂ) ಸಂಬಂಧಿತ ಉಪವಿಭಾಗ ಕಚೇರಿ. ದೂರುಗಳಿಗೆ ಸಹಾಯವಾಣಿ 1912.
• ಗುತ್ತೂರು ಸ್ವೀಕರಣಾ ಕೇಂದ್ರ ಮತ್ತು ರಾಜ್ಯದ ಪ್ರಸರಣ ಮಾರ್ಗಗಳು: ಕರ್ನಾಟಕ ವಿದ್ಯುತ್ ಪ್ರಸರಣ ನಿಗಮ.
• ಕೈಗಾ ಕೇಂದ್ರದ ನಿರ್ಮಾಣ, ಉತ್ಪಾದನೆ, ನೇಮಕಾತಿ: ಭಾರತೀಯ ಪರಮಾಣು ವಿದ್ಯುತ್ ನಿಗಮ.
• ಸುರಕ್ಷತಾ ಪರಿಶೀಲನೆ: ಅಣುಶಕ್ತಿ ನಿಯಂತ್ರಣ ಮಂಡಳಿ. ಮಂಡಳಿಯ ವಾರ್ಷಿಕ ವರದಿಗಳು ಸಾರ್ವಜನಿಕರಿಗೆ ಲಭ್ಯವಿವೆ.
• ಪರಿಸರ ಸಂಬಂಧಿ ಸಾರ್ವಜನಿಕ ಅಹವಾಲು ಸಭೆಯ ನಡವಳಿ: ಕರ್ನಾಟಕ ರಾಜ್ಯ ಮಾಲಿನ್ಯ ನಿಯಂತ್ರಣ ಮಂಡಳಿ.

10. ಮಾಹಿತಿ ಹಕ್ಕಿನ ಅಡಿಯಲ್ಲಿ ಅರ್ಜಿ

ಮಾಹಿತಿ ಹಕ್ಕು ಅಧಿನಿಯಮ, 2005ರ ಅಡಿಯಲ್ಲಿ ಮೇಲ್ಕಂಡ ಸಂಸ್ಥೆಗಳಿಂದ ದಾಖಲೆಗಳನ್ನು ಕೋರಬಹುದಾಗಿದೆ. ಅರ್ಜಿದಾರರು ಈ ಅಂಶಗಳನ್ನು ಗಮನಿಸುವುದು.

• ಅರ್ಜಿ ಶುಲ್ಕ ರೂ. 10. ಬಡತನ ರೇಖೆಗಿಂತ ಕೆಳಗಿರುವವರಿಗೆ, ದಾಖಲೆ ಒದಗಿಸಿದಲ್ಲಿ, ಶುಲ್ಕ ವಿನಾಯಿತಿ ಇರುತ್ತದೆ.
• ರಾಜ್ಯದ ಕಚೇರಿಗಳಿಗೆ ಸಲ್ಲಿಸುವ ಅರ್ಜಿಯು ಒಂದೇ ವಿಷಯಕ್ಕೆ ಸಂಬಂಧಿಸಿದ್ದು, ಸಾಮಾನ್ಯವಾಗಿ 150 ಪದಗಳನ್ನು ಮೀರಬಾರದು. ಕೇಂದ್ರದ ಕಚೇರಿಗಳಿಗೆ ಈ ಮಿತಿ 500 ಪದಗಳು.
• ಮಾಹಿತಿ ಏಕೆ ಬೇಕೆಂಬ ಕಾರಣವನ್ನು ತಿಳಿಸುವ ಅಗತ್ಯವಿಲ್ಲ.
• ಉತ್ತರಕ್ಕೆ ನಿಗದಿತ ಅವಧಿ 30 ದಿನಗಳು. ಅರ್ಜಿಯು ಬೇರೆ ಪ್ರಾಧಿಕಾರಕ್ಕೆ ಸಂಬಂಧಿಸಿದ್ದಲ್ಲಿ 5 ದಿನಗಳೊಳಗೆ ಅಲ್ಲಿಗೆ ವರ್ಗಾಯಿಸಬೇಕು.
• ಉತ್ತರ ಬಾರದಿದ್ದಲ್ಲಿ ಅಥವಾ ತೃಪ್ತಿಕರವಲ್ಲದಿದ್ದಲ್ಲಿ 30 ದಿನಗಳೊಳಗೆ ಮೊದಲ ಮೇಲ್ಮನವಿಯನ್ನೂ, ನಂತರ 90 ದಿನಗಳೊಳಗೆ ಸಂಬಂಧಿತ ಮಾಹಿತಿ ಆಯೋಗಕ್ಕೆ ಎರಡನೇ ಮೇಲ್ಮನವಿಯನ್ನೂ ಸಲ್ಲಿಸಬಹುದು.

ದೇಶದ ಭದ್ರತೆ ಹಾಗೂ ವೈಜ್ಞಾನಿಕ ಹಿತಾಸಕ್ತಿಗೆ ಧಕ್ಕೆ ತರುವ ಮಾಹಿತಿಗೆ 8ನೇ ಪ್ರಕರಣದಡಿ ವಿನಾಯಿತಿ ಇರುವುದರಿಂದ ಅಣುಸ್ಥಾವರದ ಕೆಲವು ದಾಖಲೆಗಳು ದೊರೆಯದಿರಬಹುದು. ಆದರೆ ಒಂದು ಕಡತದ ಒಂದು ಭಾಗಕ್ಕೆ ವಿನಾಯಿತಿ ಇದ್ದ ಮಾತ್ರಕ್ಕೆ ಇಡೀ ಕಡತವನ್ನು ನಿರಾಕರಿಸುವಂತಿಲ್ಲ. 10ನೇ ಪ್ರಕರಣದ ಪ್ರಕಾರ ಉಳಿದ ಭಾಗವನ್ನು ಬೇರ್ಪಡಿಸಿ ಕೊಡಬೇಕಾಗುತ್ತದೆ.

ಪ್ರಶ್ನೆಯನ್ನು ದಾಖಲೆಯ ರೂಪದಲ್ಲಿ ಕೇಳುವುದು ಸೂಕ್ತ. "ಅಣುಸ್ಥಾವರ ಸುರಕ್ಷಿತವೇ?" ಎಂಬುದು ಅಭಿಪ್ರಾಯ ಕೋರುವ ಪ್ರಶ್ನೆಯಾದ್ದರಿಂದ ಅದಕ್ಕೆ ಅಧಿನಿಯಮದಡಿ ಉತ್ತರ ದೊರೆಯುವುದಿಲ್ಲ. ಅದರ ಬದಲಿಗೆ, ಇಂತಹ ವರ್ಷದ ಪರಿಸರ ಮಾಪನ ವರದಿಯ ಪ್ರತಿ, ಇಂತಹ ದಿನಾಂಕದ ಸಭೆಯ ನಡವಳಿಯ ಪ್ರತಿ, ಅಥವಾ ಗುತ್ತೂರು ಕೇಂದ್ರದಲ್ಲಿ ಇಂತಹ ಅವಧಿಯಲ್ಲಿ ಆದ ನಿಲುಗಡೆಗಳ ಪಟ್ಟಿ ಎಂದು ನಿರ್ದಿಷ್ಟವಾಗಿ ಕೋರತಕ್ಕದ್ದು. ಅರ್ಜಿಯ ಒಂದು ಪ್ರತಿಯನ್ನು ಮತ್ತು ಸ್ವೀಕೃತಿಯನ್ನು ಮೇಲ್ಮನವಿಯ ಅವಧಿ ಮುಗಿಯುವವರೆಗೆ ಅರ್ಜಿದಾರರು ತಮ್ಮಲ್ಲಿ ಇರಿಸಿಕೊಳ್ಳುವುದು ಅವಶ್ಯವಾಗಿರುತ್ತದೆ.